ಅರ್ಧ ಟೀವಿ

ಹೊಸ ಟೀವಿಗೆ ಹೊದಿಸಿದ್ದ ಮೇಜುಬಟ್ಟೆ ಎಳೆಯುವವರೆಗೂ ಕ್ಲೈವ್ ಪೆಂಗೆಲಿಯ ಮಾನ ಸುರಕ್ಷಿತವಾಗಿಯೇ ಇತ್ತು. ಜೆರಂಗ್ ಬೌಲ್ಸ್ ಕ್ಲಬ್ಬಿನ ಕಾರ್ಯದರ್ಶಿಯಾಗಿ ಹನ್ನೊಂದು ವರ್ಷದಲ್ಲಿ ಅವನು ಸ್ವಂತ ಬುದ್ಧಿಯಿಂದ ಮಾಡಿದ ಮೊದಲ ಕೆಲಸ ಈ ಟೀವಿ. ಇದಕ್ಕಾಗಿ ಒಂದಿಡೀ ಬೇಸಿಗೆ ಶುಕ್ರವಾರ ಶುಕ್ರವಾರ, ಗೆದ್ದವರಿಗೆ ತಟ್ಟೆ ತುಂಬ ಮಾಂಸ ಕೊಡುವ ಲಾಟರಿ ನಡೆಸಿ ದುಡ್ಡು ಕೂಡಿಸಿದ್ದ. ಚಳಿಗಾಲದಲ್ಲಿ, ಚೆಂಡು ಉರುಳಿಸಿ ಆಡುವ ಹೊರಗಿನ ಹುಲ್ಲಂಕಣಕ್ಕೆ ಬೀಗ ಬಿದ್ದಾಗ ಸದಸ್ಯರು ಬುಧವಾರ ಮಧ್ಯಾಹ್ನ ಒಳಗೆ ಕೂತು ಕಂಪ್ಯೂಟರಿನಲ್ಲಿ ಬೌಲ್ಸ್ ಆಡುತ್ತಾರೆ. ಆಟ ಇಪ್ಪತ್ತು ವರ್ಷ ಹಳೆಯದು. ಮಾನಿಟರೂ ಅಷ್ಟೇ ಹಳೆಯದು, ಬ್ರೆಡ್ ಡಬ್ಬಿಯ ಗಾತ್ರದ್ದು. "ಇನ್ಮೇಲೆ ಯಾರೂ ಕನ್ನಡಕ ಹುಡುಕೋ ಹಾಗಿಲ್ಲ" ಎಂದು ಘೋಷಿಸಿ ಕ್ಲೈವ್ ಬಟ್ಟೆ ಎಳೆದು ಗುಂಡಿ ಒತ್ತಿದ.

ಇಪ್ಪತ್ತು ವರ್ಷ ಕಡ್ಡಿಯ ಹಾಗಿದ್ದ ಆಟದೊಳಗಿನ ಅಂಪೈರ್ ಅಡ್ಡಡ್ಡ ಉಬ್ಬಿ ನಿಂತಿದ್ದ. ದುಂಡಗಿನ ಚೆಂಡುಗಳು ಮೊಟ್ಟೆಯಾಗಿದ್ದವು. ಎಸೆತದ ಬಲ ತೋರಿಸುವ ಪಟ್ಟಿ ಪರದೆಯ ಕೆಳಗೆ ಎಲ್ಲೋ ಬಿದ್ದುಹೋಗಿತ್ತು.

"ನಿನ್ನ ಫೋಟೋ ಯಾಕೆ ಹಾಕಿಸ್ದೆ ಮಾರಾಯಾ?" ಅಂದ ಮುಂದಿನ ಕುರ್ಚಿಯಲ್ಲಿದ್ದ ವಾಲಿ ಟ್ರೆಂಬತ್, ಕ್ಲೈವ್‌ನ ಡೊಳ್ಳುಹೊಟ್ಟೆ ನೋಡುತ್ತ.

ಕ್ಲೈವ್ ಗಾಬರಿಯಲ್ಲಿ ಇನ್ನೇನೋ ಒತ್ತಿದ. ಪರದೆ ಪೂರ್ತಿ ಕಪ್ಪಾಗಿ, ಈ ರೆಸಲ್ಯೂಷನ್ ತನ್ನಿಂದ ಆಗದು ಎಂಬ ಒಂದೇ ಒಂದು ಸಾಲು ತೋರಿಸಿತು. ಹದಿನೇಳು ಜನ ಸಕ್ಕರೆ ಹಾಕದ ಚಹಾವನ್ನೂ ಬಹಳ ಹೊತ್ತು ಕಲಕಿದರು.

"ಸರೀಪ್ಪ, ಮರ್ಲ್‌ನ ಕರೀರಿ" ಅಂದಳು ಅಧ್ಯಕ್ಷೆ ಡೋರೀನ್.

ಕರೆಯುವುದೇನು, ಮರ್ಲ್ ನೋಸ್ಕೆ ಅಲ್ಲೇ ಸ್ಕೋನ್ ಎಂಬ ಬನ್ನಿಗೆ ಜ್ಯಾಮ್ ಸವರುತ್ತಿದ್ದಳು. ಎಪ್ಪತ್ತರ ಹೆಂಗಸು, ಕನ್ನಡಕಕ್ಕೆ ಬೂಟಿನ ದಾರ. ಊರಿನ ಸಿನಿಮಾ ಮಂದಿರದ ಮೇಲ್ಗೂಡಿನಲ್ಲಿ ಇಪ್ಪತ್ತೆರಡು ವರ್ಷ ಪ್ರೊಜೆಕ್ಟರ್ ನಡೆಸಿದವಳು. ಮಂದಿರ ಮುಚ್ಚಿ ಟಯರ್ ಅಂಗಡಿಯಾದ ಮೇಲೆ ಕಂಪ್ಯೂಟರ್ ಕಲಿತಳು. ಅಂದಿನಿಂದ ಜೆರಂಗಿನಲ್ಲಿ ಯಾರ ಮನೆಯ ಆಟದ ಪರದೆ ಕೆಟ್ಟರೂ ಅವಳೇ ವೈದ್ಯೆ. ಹೆಂಡದಂಗಡಿಯವನ ಮೀನು ಹಿಡಿಯುವ ಆಟದಲ್ಲಿ ಕೆರೆ ಮಾತ್ರ ಕಂಡು ಗಾಳ ಕಾಣದಿದ್ದಾಗ ಗಾಳವನ್ನು ಹುಡುಕಿಕೊಟ್ಟವಳೂ ಅವಳೇ. ಕೂಲಿ ಕೊಡಲು ಹೋದರೆ, "ನಿಂಬೆಹಣ್ಣಿದ್ರೆ ನಾಲ್ಕು ಕೊಡು ಚಿನ್ನ" ಅನ್ನುತ್ತಿದ್ದಳು. ಅವಳಿಗೆ ಊರೆಲ್ಲ ಚಿನ್ನವೇ, ಕಂಪ್ಯೂಟರೂ ಸೇರಿ.

ಈಗಲೂ ಕಂಪ್ಯೂಟರಿನ ಮುಂದೆ ಕೂತು, "ಏನಾಯ್ತು ಚಿನ್ನ ನಿಂಗೆ?" ಅಂದಳು. ಕ್ಲೈವ್ ತನ್ನನ್ನೇ ಕೇಳಿದಳೆಂದು ತಿಳಿದು ಉತ್ತರ ಕೊಡತೊಡಗಿದ.

"ನಿಂಗಲ್ಲಪ್ಪ. ನೋಡು, ಆಟಕ್ಕೆ ತನ್ನ ಅಳತೆ ಗೊತ್ತು, ಟೀವಿಗೆ ತನ್ನದು ಗೊತ್ತು. ಇಬ್ರಿಗೂ ಯಾರೂ ಪರಿಚಯ ಮಾಡಿಸಿಲ್ಲ, ಅಷ್ಟೇ."

ಹಳೆಯ ಮಾನಿಟರನ್ನು ಜೋಡಿಸಿ, ಆಟದ ಸೆಟ್ಟಿಂಗ್ ತೆರೆದು ರೆಸಲ್ಯೂಷನ್ ಇಳಿಸಿದಳು. ಮತ್ತೆ ಟೀವಿಗೆ ಸಿಕ್ಕಿಸಿದಾಗ ಚಿತ್ರ ಬಂತು. "ನಿನ್ನ ಟೀವಿ ಅಂಚು ಕತ್ತರಿಸ್ತಿದೆ" ಎಂದು ರಿಮೋಟಿನಲ್ಲಿ ಏನೋ ಬದಲಿಸಿದಾಗ ಬಲದ ಪಟ್ಟಿ ಕೆಳಗಿನಿಂದ ಮೇಲೆದ್ದು ಬಂತು. ಎಳೆದು ಹಿಗ್ಗಿಸುವುದನ್ನು ನಿಲ್ಲಿಸಿದ್ದೇ ಅಂಪೈರ್ ಸಣ್ಣಗಾದ. ಕೊನೆಗೆ ಬಿಯರ್ ಲೋಟದಡಿಯ ದುಂಡು ರಟ್ಟೊಂದನ್ನು ಚೆಂಡಿನ ಮೇಲೆ ಹಿಡಿದು, ಸುತ್ತಲೂ ಅಂಚು ಸಮವಾಗಿದೆಯೇ ನೋಡಿದಳು. ಚಿತ್ರ ಪರದೆಯ ನಟ್ಟನಡುವೆ, ಎರಡೂ ಬದಿ ಕಪ್ಪು ಪಟ್ಟಿ, ನೂಲು ಹಿಡಿದಂತೆ.

ಜನ ಚಪ್ಪಾಳೆ ತಟ್ಟಿದರು. ಮೊದಲ ಎಸೆತ ವಾಲಿಯದು.

ವಾಲಿ ಎಂಟು ಬಾರಿ ಕ್ಲಬ್ಬಿನ ಚಾಂಪಿಯನ್. ಹೋದ ಶರತ್ಕಾಲದಲ್ಲಿ ಲಕ್ವ ಹೊಡೆದು ಹುಲ್ಲಿನ ಮೇಲೆ ಆಡುವ ಕಾಲು ಹೋಯಿತು. ಉಳಿದದ್ದು ಈ ಬುಧವಾರ. ಅದೂ ಇಲ್ಲದಿದ್ದರೆ ಅವನಿಗೆ ಮನೆಯ ಕಿಟಕಿ, ಕಿಟಕಿಯಾಚೆ ಗೋಧಿಯ ಗೋದಾಮು, ಅಷ್ಟೇ.

ಚೆಂಡು ಹತ್ತಿರ ಹೋಗಿ ನಿಲ್ಲಬೇಕಾದ ಬಿಳಿ ಗೋಲಿ ಅಂಕಣದ ಎಡಕ್ಕಿತ್ತು. ವಾಲಿ ಚೆಂಡನ್ನು ಬಲಕ್ಕೆ ಉರುಳಿಸಿದ. ಎರಡನೆಯದೂ ಬಲಕ್ಕೆ.

"ಗೋಲಿ ಎಲ್ಲಿಟ್ಟಿದ್ದೀರ್ರೋ?"

"ಅಲ್ಲೇ ಇದ್ಯಲ್ಲೋ, ಎಡಕ್ಕೆ! ದನದಷ್ಟು ಕಾಣ್ತಿದೆ!" ಎಂದು ಹಿಂದಿನಿಂದ ಯಾರೋ ನಕ್ಕರು. ಮೂರನೆಯದೂ ಬಲಕ್ಕೆ ಹೋದಾಗ ಯಾರೂ ನಗಲಿಲ್ಲ.

ವಾಲಿ ಟೋಪಿ ಹಾಕಿಕೊಂಡ. "ಟೀವಿದೇ ತೊಂದರೆ. ಇರ್ಲಿ ಬಿಡು. ಪಟ್ಟಿಯಿಂದ ನನ್ನ ಹೆಸ್ರು ತೆಗೆದುಬಿಡು ಕ್ಲೈವ್."

"ಮೊದ್ಲು ತಿಂಡಿ ತಿನ್ನು, ಆಮೇಲೆ ತೆಗೆಯೋಣ" ಎಂದು ಡೋರೀನ್ ಅವನನ್ನು ಕೂರಿಸಿ ತಟ್ಟೆ ಕೊಟ್ಟಳು. ಕ್ಲೈವ್ ಕೈಯಲ್ಲಿ ಪೆನ್ನು ಹಿಡಿದು ನಿಂತ. ಹಳೆಯ ಡಬ್ಬಿ ಮಾನಿಟರನ್ನೇ ಉಳಿಸಿಕೊಂಡಿದ್ದರೆ ಮುದುಕ ಮೂಗು ತಾಗಿಸಿ ಕೂತು ಇನ್ನೂ ಆಡುತ್ತಿದ್ದನಲ್ಲಾ ಎಂದುಕೊಂಡು ಪೆನ್ನಿನ ಮುಚ್ಚಳ ತೆಗೆದು ಮತ್ತೆ ಹಾಕಿದ.

ವಾಲಿ ಲ್ಯಾಮಿಂಗ್ಟನ್ ಕೇಕು ತಿಂದು, ತೆಂಗಿನ ತುರಿ ಒರೆಸಿಕೊಂಡು, "ಸ್ಯಾಂಡ್‌ವಿಚ್ ನಂಗೊಬ್ಬನಿಗೆ ಇಲ್ವಾ?" ಎಂದು ಗೊಣಗಿದ. ತಟ್ಟೆಯ ಎಡಭಾಗದಲ್ಲಿ ಎರಡು ಸ್ಯಾಂಡ್‌ವಿಚ್ ಹಾಗೇ ಕೂತಿದ್ದವು.

ಮರ್ಲ್ ಮೇಜು ಒರೆಸುವ ನೆಪದಲ್ಲಿ ಬಂದು ತಟ್ಟೆಯನ್ನು ಅರ್ಧ ಸುತ್ತು ತಿರುಗಿಸಿ ಹೋದಳು.

"ಹಾಂ, ಈಗ ಬಂತು" ಎಂದು ವಾಲಿ ತಿನ್ನತೊಡಗಿದ.

ಅವಳು ನೇರ ಕಂಪ್ಯೂಟರಿಗೆ ಹೋದಳು. ರೆಸಲ್ಯೂಷನ್ ಇನ್ನೂ ಇಳಿಸಿ, ಆಟವನ್ನು ಸಣ್ಣ ಚೌಕದೊಳಗೆ ತಂದು, ಆ ಚೌಕವನ್ನು ಹಿಡಿದು ಎಳೆಯುತ್ತ ಎಳೆಯುತ್ತ ಪರದೆಯ ಬಲ ತುದಿಗೆ ಒತ್ತರಿಸಿಟ್ಟಳು. ಉಳಿದದ್ದೆಲ್ಲ ಕಪ್ಪು.

"ಅಯ್ಯೋ, ಚೆನ್ನಾಗಿದ್ದಿದ್ದನ್ನ ಯಾಕೆ ಕೆಡಿಸ್ತೀಯ?" ಎಂದು ಕ್ಲೈವ್ ಓಡಿ ಬಂದ. ಅವಳು ತಾನು ತಿರುಗಿಸಿಟ್ಟಿದ್ದ ವಾಲಿಯ ತಟ್ಟೆಯ ಕಡೆ ಕಣ್ಣು ಹಾಯಿಸಿದಳು. ಅವನೂ ನೋಡಿದ. ಅರ್ಥವಾಗಲು ಕಾರ್ಯದರ್ಶಿಗೆ ಬೇಕಾಗುವಷ್ಟು ಹೊತ್ತು ಹಿಡಿಯಿತು.

"ಓ! ಲಕ್ವ ಹೊಡೆದ್ಮೇಲೆ ಎಡಗಡೆ ಇರೋದು ಅವನಿಗೆ..." ಎಂದವನು ದನಿ ತಗ್ಗಿಸಿದ. "ಹಾಗಾದ್ರೆ ಅವನ ಕುರ್ಚೀನೇ ಸರಿಸೋಣ. ಟೀವಿ ಯಾಕೆ ಹಾಳು ಮಾಡ್ಬೇಕು?"

"ಕುರ್ಚಿ ಸರಿಸಿದ್ರೆ ಎಲ್ರೂ ವಾಲಿನ ನೋಡ್ತಾರೆ ಚಿನ್ನ. ಚಿತ್ರ ಸರಿಸಿದ್ರೆ ನನ್ನ ನೋಡ್ತಾರೆ."

ನೋಡಿದರು ಕೂಡ. ಮರ್ಲ್ ಸಭೆಯತ್ತ ತಿರುಗಿ, "ಹಳೇ ಆಟ ಕಣ್ರಪ್ಪ, ಅಲುಗಾಡ್ತಿತ್ತು. ನನ್ನ ಕೈಲಿ ಇಷ್ಟೇ ಆಗೋದು" ಅಂದಳು.

"ವಯಸ್ಸಾಯ್ತು ಬಿಡು ಮರ್ಲ್ ನಿಂಗೆ!"

"ಸಿನಿಮಾದಲ್ಲೂ ಹೀಗೇ ತೋರಿಸ್ತಿದ್ಯಾ? ಅದಕ್ಕೇ ಮುಚ್ಚಿದ್ದು!"

ಇಪ್ಪತ್ತೆರಡು ವರ್ಷದಲ್ಲಿ ಒಂದೇ ಒಂದು ಚಿತ್ರವನ್ನೂ ಬೆರಳಗಲ ಆಚೀಚೆ ಬೀಳಗೊಡದ ಹೆಂಗಸು, ಅಷ್ಟನ್ನೂ ಕೇಳಿಸಿಕೊಂಡು ಸ್ಕೋನಿನ ಉಳಿದರ್ಧಕ್ಕೆ ಜ್ಯಾಮ್ ಸವರಿದಳು.

"ನೀನು ಬಿಟ್ಟ ನಾಲ್ಕನೇ ಎಸೆತ ಬಾಕಿ ಇದೆ ವಾಲಿ" ಎಂದ ಕ್ಲೈವ್, ಪೆನ್ನನ್ನು ಜೇಬಿಗಿಳಿಸುತ್ತ. "ಎಸೆದು ಹೋಗು. ಲೆಕ್ಕ ಅರ್ಧಕ್ಕೆ ಬಿಟ್ರೆ ಡೋರೀನ್ ನನ್ನ ಬೈತಾಳೆ."

ವಾಲಿ ಟೋಪಿ ತೆಗೆಯದೆ ಆಟಕ್ಕೆ ಕೂತ. ತಲೆಯನ್ನು ಕೊಂಚ ಓರೆ ಮಾಡಿದ. ಚೆಂಡು ಉರುಳಿತು, ಬಾಗಿತು, ಎಡಕ್ಕೆ ಬಂದು ಬಂದು ಬಿಳಿ ಗೋಲಿಯ ಪಕ್ಕ ಸದ್ದಿಲ್ಲದೆ ಒರಗಿತು.

ವಾಲಿ ಟೋಪಿ ತೆಗೆದು ತೊಡೆಯ ಮೇಲಿಟ್ಟುಕೊಂಡ. "ನಾನು ಹೇಳ್ಲಿಲ್ವಾ, ಟೀವಿದೇ ತೊಂದರೆ ಅಂತ?"

"ಹೌದು ಮಾರಾಯಾ, ಟೀವಿದೇ" ಅಂದ ಕ್ಲೈವ್. "ನೋಡಿ ತರ್ಬೇಕಿತ್ತು ನಾನು."

ಮುಂದಿನ ಸುತ್ತಿಗೆ ವಾಲಿಯೇ ಮೊದಲು ಕೈ ಎತ್ತಿದ. ಆದರೆ ಡೋರೀನಿಗೆ ಸಮಾಧಾನವಿರಲಿಲ್ಲ. ಬೇಸಿಗೆಯಿಡೀ ಮಾಂಸದ ತಟ್ಟೆ ಹೊತ್ತವಳು ಅವಳು. ಸೊಂಟದ ಮೇಲೆ ಕೈಯಿಟ್ಟು ಆ ಕಪ್ಪು ಭಾಗವನ್ನು ಎಡದಿಂದ ಬಲಕ್ಕೆ ಕಣ್ಣಲ್ಲೇ ಅಳೆದಳು.

"ಅದೆಲ್ಲ ಸರಿ ಮರ್ಲ್, ಈ ಕಡೆ ಅರ್ಧ ಯಾವಾಗ ಕೆಲಸ ಮಾಡತ್ತೆ?"

ಮರ್ಲ್ ಬೂಟಿನ ದಾರ ಹಿಡಿದು ಕನ್ನಡಕ ಏರಿಸಿ, ಕಪ್ಪನ್ನು ಒಂದು ಗಳಿಗೆ ದಿಟ್ಟಿಸಿದಳು.

"ಮಾಡ್ತಿದ್ಯಲ್ಲ ಚಿನ್ನ. ಏನೂ ತೋರಿಸ್ಬೇಡ ಅಂದಿದ್ದೆ. ಏನೂ ತೋರಿಸ್ತಿಲ್ಲ, ನೋಡು."