ಗೋಡೆಗೆ ಕಟ್ಟಿದ ನಂಬರ್ ಹಲಗೆ

ಠಾಣೆಯ ಹಿತ್ತಲಲ್ಲಿ ಇಪ್ಪತ್ತಮೂರು ಗಾಡಿಗಳಿದ್ದವು. ಎಲ್ಲವೂ ಹೊಳೆಯ ಮರಳು ಕದ್ದು ಸಾಗಿಸುವಾಗ ಸಿಕ್ಕಿಬಿದ್ದವು. ಕಾನೂನು ಹಿಡಿಯುವಾಗ ಚುರುಕು, ಬಿಡುವಾಗ ಕುಂಟು. ಕೇಸು ಮುಗಿಯುವಷ್ಟರಲ್ಲಿ ಟೈರು ನೆಲ ಕಚ್ಚಿ, ಎಂಜಿನ್ನಿನ ಸಂದಿಯಲ್ಲಿ ಇಲಿ ಸಂಸಾರ ಹೂಡಿ, ಡ್ರೈವರ್ ಸೀಟಿನಲ್ಲಿ ಹುಲ್ಲು ಮೊಳೆತಿರುತ್ತಿತ್ತು. ಇವಿಷ್ಟಕ್ಕೂ ಒಬ್ಬನೇ ಕಾವಲುಗಾರ. ಹೆಗಲ ಮೇಲೆ ಸದಾ ಜಾಕಿ ಹೊತ್ತು ತಿರುಗುತ್ತಿದ್ದುದರಿಂದ ಅವನ ಹೆಸರೇ ಜಾಕಿ ಎಂದಾಗಿತ್ತು.

ಮೂವತ್ತು ವರ್ಷ ಲಾರಿಗಳ ಹೊಟ್ಟೆಯಡಿ ಮಲಗಿ ಭಾರ ಹೊರುವ ಸ್ಪ್ರಿಂಗ್ ಪಟ್ಟಿ ಕಟ್ಟಿದವನು. ಸೊಂಟ ಕೈಕೊಟ್ಟ ಮೇಲೆ ದಿನಗೂಲಿಗೆ ಇಲ್ಲಿ ಬಂದು ಕೂತ. ಕೆಲಸ ಇಷ್ಟೇ: ಗೇಟಿಗೆ ಬೀಗ ಹಾಕು, ಒಳಗಿನದೇನನ್ನೂ ಮುಟ್ಟಬೇಡ. ಬೀಗ ಸರಿಯಾಗಿಯೇ ಹಾಕಿದ. ಮುಟ್ಟದೆ ಇರುವುದು ಮಾತ್ರ ಅವನ ಜಾಯಮಾನದಲ್ಲಿರಲಿಲ್ಲ. ವಾರಕ್ಕೊಮ್ಮೆ ಎಂಜಿನ್ ಗುರುಗುಟ್ಟಿಸುತ್ತಿದ್ದ, ಚಕ್ರ ಅರ್ಧ ಸುತ್ತು ತಿರುಗಿಸಿಡುತ್ತಿದ್ದ.

ಠಾಣೆಯ ಕಡತ ಬರೆಯುವ ರೈಟರ್ ಕಿಟಕಿಯಿಂದಲೇ ಕಿಚಾಯಿಸುತ್ತಿದ್ದ. "ಏನ್ ಡಾಕ್ಟ್ರೇ, ಇವತ್ತು ಯಾರಿಗೆ ಜ್ವರ?"

ಮನೆಯಲ್ಲಿ ಹೆಂಡತಿಯದು ಇನ್ನೊಂದು ವರಸೆ. "ಬಚ್ಚಲ ಚಿಲಕ ಕಿತ್ತೋಗಿ ಮೂರು ತಿಂಗಳಾಯ್ತು. ನೀವು ಕಳ್ಳಲಾರಿಗೆ ಎಣ್ಣೆ ಹಚ್ಚಿಕೊಂಡಿರಿ."

"ಲಾರಿ ಏನೂ ಕದ್ದಿಲ್ಲ ಕಣೆ. ಓಡಿಸಿದ ಕಡೆ ಹೋಗಿದೆ."

ಹೀಗಿರುವಾಗ ಒಂದು ಲಾರಿ ಮರಳು ತುಂಬಿಕೊಂಡೇ ಬಂದು ನಿಂತಿತು. ಒಡತಿಯೇ ಡ್ರೈವರು, ಅದು ಬಿಟ್ಟರೆ ಅವಳಿಗೆ ಬೇರೆ ಬದುಕಿರಲಿಲ್ಲ. ತಿಂಗಳು ಎರಡಾಯಿತು, ಮೂರಾಯಿತು. ನಿಂತಲ್ಲೇ ಅಷ್ಟು ಭಾರ ಹೊತ್ತು ಹಿಂದಿನ ಸ್ಪ್ರಿಂಗ್ ಪಟ್ಟಿ ಬೆನ್ನು ಬಗ್ಗಿಸತೊಡಗಿತ್ತು. ಜಾಕಿಗೆ ಊಟ ಸೇರದಾಯಿತು. ಮೂರು ದಿನ ಸಲಿಕೆ ಹಿಡಿದು ಮರಳೆಲ್ಲ ಇಳಿಸಿದ. ಕಾಂಪೌಂಡಿನ ಬದಿಗೆ ರಾಶಿ ಮಾಡಿ, ಲಾರಿಯ ನಂಬರ್ ಬರೆದ ಹಲಗೆಯೊಂದನ್ನು ಅದಕ್ಕೆ ಚುಚ್ಚಿಟ್ಟ. ಜಪ್ತಿಯಾದ ಮರಳು ಜಪ್ತಿಯಾದ ಜಾಗದಲ್ಲೇ ಇದೆ, ಇನ್ನೇನು ಎಂದುಕೊಂಡ.

ಅದೇ ತಿಂಗಳು ಠಾಣೆಯ ಕಕ್ಕಸಿನ ಗೋಡೆ ಕುಸಿಯಿತು. ಗಾರೆಯವನು ಮರಳು ಕೇಳಿದ. ರೈಟರ್ ಹಿತ್ತಲಿಗೆ ಕೈ ತೋರಿಸಿದ.

"ಅದು ಕೇಸಿನ ಮಾಲು ಸ್ವಾಮಿ," ಅಂದ ಜಾಕಿ.

"ಕೋರ್ಟು ಬಂದು ಬೊಗಸೆಯಲ್ಲಿ ಅಳೆಯುತ್ತಾ? ಸುಮ್ನಿರಯ್ಯ."

ಗೋಡೆ ಎದ್ದಿತು. ದಪ್ಪ ಗೋಡೆ, ಒಳಗೂ ಹೊರಗೂ ಗಾರೆ. ರಾಶಿ ಖಾಲಿ. ಹಲಗೆಯನ್ನು ಜಾಕಿ ತನ್ನ ಕುರ್ಚಿಯಡಿ ಎತ್ತಿಟ್ಟ.

ಒಡತಿ ಕೋರ್ಟಿಗೆ ಅಲೆದೂ ಅಲೆದೂ ಕೊನೆಗೆ ಆದೇಶ ತಂದಳು. ಕೇಸು ನಡೆಯಲಿ, ಮುಚ್ಚಳಿಕೆ ಬರೆಸಿಕೊಂಡು ಲಾರಿಯನ್ನು ಅವಳ ವಶಕ್ಕೆ ಬಿಡಿ. ಆದರೆ ಕೋರ್ಟಿನ ಅಮೀನ ಮೊದಲು ಜಪ್ತಿ ಪಟ್ಟಿಯಂತೆ ಮಾಲು ನೋಡಬೇಕು. ಪಟ್ಟಿಯಲ್ಲಿ ಲಾರಿಯೂ ಇತ್ತು, ಲಾರಿ ತುಂಬ ಮರಳೂ ಇತ್ತು.

ರೈಟರ್ ಜಾಕಿಯನ್ನು ಪಕ್ಕಕ್ಕೆ ಕರೆದ. ಈಗ ಕಿಚಾಯಿಸುವ ದನಿಯಿರಲಿಲ್ಲ. "ಅವಳ ಕಡೆಯೋರು ಬೇಲಿ ಹಾರಿ ಬಂದು ಹೊತ್ಕೊಂಡು ಹೋದ್ರು ಅನ್ನು. ನಿನ್ನ ಕೆಲಸ ಉಳಿಯುತ್ತೆ."

"ಹಂಗಂದ್ರೆ ಲಾರಿ?"

"ಲಾರಿ ಇಲ್ಲೇ ಇರುತ್ತೆ. ನೀನು ನೋಡ್ಕೊಳ್ಳೋಕೆ ಒಂದು ಹೆಚ್ಚಾಯ್ತು ಅಷ್ಟೇ."

ಜಾಕಿ ಗೇಟಿಗೆ ಬೀಗ ಹಾಕಲು ಹೊರಟ.

ಮರುದಿನ ಒಡತಿಯ ಜೊತೆ ಅಮೀನ ಬಂದ. ಕನ್ನಡಕ ಮೂಗಿನ ತುದಿಗಿಳಿಸಿ ಖಾಲಿ ಲಾರಿ ನೋಡಿದ. "ಮರಳೆಲ್ಲಿ?"

ಜಾಕಿ ಕುರ್ಚಿಯಡಿಯಿಂದ ಹಲಗೆ ತೆಗೆದುಕೊಂಡು ನೇರ ಕಕ್ಕಸಿಗೆ ನಡೆದ. ಒಳಗೆ ಒಬ್ಬ ಕಾನ್‌ಸ್ಟೇಬಲ್ ಇದ್ದ. ಜಾಕಿ ಬಾಗಿಲು ಬಡಿದ. "ಬೇಗ ಬನ್ನಿ ಸಾರ್, ಕೋರ್ಟಿನವರು ಮಾಲು ನೋಡಬೇಕಂತೆ."

ಗೋಡೆಯ ಮೊಳೆಗೆ ಹಲಗೆ ಕಟ್ಟಿ ಹಿಂದೆ ಸರಿದ. "ಇದೇ ಸ್ವಾಮಿ. ಲಾರಿಯಿಂದ ಇಳಿಸಿದ್ದು ನಾನು. ಗೋಡೆ ಕಟ್ಟಿಸಿದ್ದು ಠಾಣೆ."

ಅಮೀನ ಗೋಡೆಯನ್ನು ಬೆರಳಿನಿಂದ ಕೆರೆದು ನೋಡಿದ. ಬರೆದುಕೊಂಡ: ಮರಳು ಇದೆ, ಗೋಡೆಯ ರೂಪದಲ್ಲಿ. ಕೋರ್ಟು ಹೇಳುವವರೆಗೆ ಯಾರೂ ಮುಟ್ಟಬಾರದೆಂದು ಕಕ್ಕಸಿಗೆ ಬೀಗ ಹಾಕಿ ಅರಗಿನ ಮುದ್ರೆ ಒತ್ತಿದ. ಲಾರಿಯ ಬೀಗದ ಕೈ ಒಡತಿಗೆ ಕೊಟ್ಟ.

ಲಾರಿ ಎರಡನೇ ಸಲಕ್ಕೆ ಶುರುವಾಯಿತು. ಅವಳು ಕೆಳಗಿಳಿದು, ಬಗ್ಗಿ, ಹಿಂದಿನ ಸ್ಪ್ರಿಂಗ್ ಪಟ್ಟಿ ನೋಡಿದಳು. "ಇಳಿಸದೆ ಬಿಟ್ಟಿದ್ರೆ ಗುಜರಿಗೇ ಹಾಕ್ಬೇಕಿತ್ತು."

"ಮತ್ತೆ ಹೊಳೆಗೇನಾ ತಂಗಿ?"

"ನೋಡಣ ಅಣ್ಣ. ಇಟ್ಟಿಗೆ ಬಾಡಿಗೆ ಸಿಕ್ರೆ ಇಟ್ಟಿಗೆ."

ಸಂಜೆ ಜಾಕಿಯ ಕೈಗೆ ಚೀಟಿ ಬಂತು. ಜಪ್ತಿ ಮಾಲು ಮುಟ್ಟಿದ್ದಕ್ಕೆ ನಾಳೆಯಿಂದ ಬರಬೇಕಿಲ್ಲ. ಅಕ್ಷರ ರೈಟರನದೇ. ಜಾಕಿ ಮನೆಗೆ ಹೋಗಿ ಬಚ್ಚಲಿಗೆ ಚಿಲಕ ಹಾಕಿದ. ಹೆಂಡತಿ ಎರಡು ಸಲ ಹಾಕಿ ತೆಗೆದು ನೋಡಿ, "ಅಂತೂ ಬಿಡುವಾಯ್ತು," ಅಂದಳು.

ಎರಡು ತಿಂಗಳಾದ ಮೇಲೆ ರೈಟರ್ ಬಸ್ ನಿಲ್ದಾಣದ ಕಕ್ಕಸಿನ ಸಾಲಿನಲ್ಲಿ ನಿಂತಿದ್ದವನು ದಾರಿಯಲ್ಲಿ ಹೋಗುತ್ತಿದ್ದ ಜಾಕಿಯನ್ನು ಕೂಗಿದ.

"ಲೋ ಜಾಕಿ, ಆ ಬೀಗ ಯಾವಾಗ ತೆಗೀತಾರಂತೋ? ನಿಂಗೇನಾದ್ರೂ ಗೊತ್ತಾ?"

"ಕೇಸು ಮುಗಿದ ಮೇಲೆ ಸ್ವಾಮಿ," ಅಂದ ಜಾಕಿ. ನಿಲ್ಲಲಿಲ್ಲ.