ಬೀಗದೊಳಗಿನ ನಲವತ್ತು ಮೋಲ್

ನಮ್ಮ ತೇರಗಾಂವದ ನೀಲಕ್ಕನಿಗೆ ಯಾರ ಮೇಲೂ ನಂಬಿಕೆಯಿಲ್ಲ. ಅಂಗಡಿಯವನು ತೂಗಿಕೊಟ್ಟ ಬೆಲ್ಲವನ್ನು ಮನೆಗೆ ತಂದು ಮತ್ತೆ ತೂಗುವ ಹೆಂಗಸು. ಅಂಥವಳನ್ನೇ ನಮ್ಮ ಸಾಬೂನು ಸಂಘಕ್ಕೆ ಅಧ್ಯಕ್ಷೆ ಮಾಡಿದೆವು, ನಮ್ಮ ಕರ್ಮ!

ಕಾಸ್ಟಿಕ್ ಸೋಡಾ ಕರಗಿಸಿ ನಾಲ್ಕು ಲೀಟರ್ ದ್ರಾವಣ ಮಾಡಿಟ್ಟಿದ್ದೆವು. ತಾಗಿದರೆ ಕೈ ಸುಡುತ್ತದೆ. ಸಣ್ಣ ಮಕ್ಕಳಿಲ್ಲದ ಮನೆಯೆಂದು, ಸಿದ್ದಿಗಳ ಓಣಿಯ ಚಾಂದಬಿಯ ಪಡಸಾಲೆಯಲ್ಲಿ ಪೆಟ್ಟಿಗೆಯೊಳಗೆ ಕ್ಯಾನ್ ಇಟ್ಟೆವು. ಬೀಗ ನೀಲಕ್ಕನದು, ಕೀಲಿಕೈ ಅವಳ ಸೊಂಟದಲ್ಲಿ. ಎಣ್ಣೆ ಬರುವುದು ತಡವಾಯಿತು. ಅಷ್ಟು ದಿನವೂ ಸಂಜೆ ಹೋಗಿ, ಬೀಗ ತೆಗೆದು, ಮಗ್ಗಿನಲ್ಲಿ ಎತ್ತಿ ನೋಡಿ ಬರುತ್ತಿದ್ದಳು.

ಎಣ್ಣೆ ಬಂದ ದಿನ ಅಳೆದರೆ ಐದು ಲೀಟರ್!

"ಕಳ್ಳ ಕೀಲಿ ಮಾಡಿಸಿ ಅರ್ಧ ಕದ್ದು ಮಾರ್ಯಾಳ, ಗಡಿಬಿಡ್ಯಾಗ ನೀರು ಜಾಸ್ತಿ ಸುರದಾಳ," ಎಂದು ನೀಲಕ್ಕ ಓಣಿಗೆಲ್ಲ ಕೇಳುವಂತೆ ಕೂಗಿದಳು. "ಈಕಿ ಇನ್ನ ಸಂಘದಾಗ ಬ್ಯಾಡ."

ಚಾಂದಬಿ ಏನೋ ಹೇಳಹೋದಳು. ನೀಲಕ್ಕ ಬಾಯಿ ತೆರೆಯಗೊಡಲಿಲ್ಲ. ಕಳ್ಳತನ ರುಜುವಾತು ಮಾಡಲೆಂದು ಸಣ್ಣ ಶೀಶೆಯಲ್ಲಿ ಆ ದ್ರಾವಣ ತುಂಬಿ, ಹಳಿಯಾಳದ ಕಾಲೇಜಿನಲ್ಲಿ ಕೆಮಿಸ್ಟ್ರಿ ಕಲಿಸುವ ಸೊಸೆ ಸುಮಿತಾಳ ಕೈಗೆ ಕೊಟ್ಟಳು.

ಮರುದಿನ ಸುಮಿತಾ ಎಲ್ಲರೆದುರು ಹೇಳಿದಳು: "ಅತ್ತಿ, ನೀವು ತೂಗಿ ಹಾಕಿದ ಲೆಕ್ಕದಾಗ ಮೊದಲ ಲೀಟರಿಗೆ ಹತ್ತು ಮೋಲ್ ಕಾಸ್ಟಿಕ್ ಇತ್ತು. ನಾಕ್ ಹತ್ಲಿ ನಲವತ್ತು."

"ಮೋಲ್ ಅಂದ್ರ?"

"ಕಾಸ್ಟಿಕ್ ಎಷ್ಟೈತಿ ಅಂತ ಹೇಳೂ ಅಳತಿ ಅನ್ಕೋರಿ. ಈಗ ಲೀಟರಿಗೆ ಎಂಟ ಐತಿ, ಆದ್ರ ಐದು ಲೀಟರ್ ಆಗೇತಿ. ಐದೆಂಟ್ಲಿ ನಲವತ್ತು. ಒಂದು ಚೂರೂ ಕಳವಾಗಿಲ್ಲ. ಬರೇ ನೀರು ಕೂಡೇತಿ."

"ಮತ್ತ ನೀರು ಹಾಕಿದಾಕಿ ಯಾರು?" ನೀಲಕ್ಕನ ಕಣ್ಣು ಮತ್ತೆ ಚಾಂದಬಿಯ ಮೇಲೆಯೇ.

"ನೀವ ರೀ ಅಕ್ಕಾ," ಎಂದಳು ಚಾಂದಬಿ. "ದಿನಾ ನೋಡಿದ ಮ್ಯಾಲೆ ಮಗ್ಗು ತೊಳದು, ಆ ನೀರು ಕ್ಯಾನಿನ್ಯಾಗ ಸುರೀತಿದ್ರಿ. ಹಾಲಿನ ಪಾತ್ರಿ ತೊಳದು ಚಾಕ್ಕ ಹಾಕ್ತಾರಲ್ಲ, ಹಂಗ. ಅದನ್ನ ಹೇಳಾಕ ಬಂದ್ರ ಬಾಯಿ ಮುಚ್ಚಿಸಿದ್ರಿ."

ಅಯ್ಯೋ, ಒಂದು ಹನಿಯೂ ಪೋಲಾಗಬಾರದೆಂಬ ಹೆಣ್ಣು! ನೀಲಕ್ಕನ ಮುಖ ಸಣ್ಣದಾಯಿತು. ಸೊಂಟದಿಂದ ಕೀಲಿಕೈ ಬಿಚ್ಚಿ ಚಾಂದಬಿಯ ಮುಂದೆ ಹಿಡಿದಳು.

"ಬ್ಯಾಡ್ರಿ ಅಕ್ಕಾ, ಅದು ನಿಮ್ಮ ಕಡೆನ ಇರ್ಲಿ," ಎಂದಳು ಚಾಂದಬಿ. ಅವಳ ಕಣ್ಣು ತುಂಬಿತ್ತು, ದನಿ ಮಾತ್ರ ಗಟ್ಟಿಯಾಗಿತ್ತು. "ಇನ್ನ ಮ್ಯಾಲೆ ಮಾಡೂ ಕಾಸ್ಟಿಕ್ ಕ್ಯಾನೂ ನಿಮ್ಮ ಮನ್ಯಾಗ ಇಟ್ಕೋರಿ. ದಿನಾ ಸಂಜಿಗೆ ನಾ ಬಂದು ನೋಡಿ ಹೋಗ್ತೇನಿ."

ಈಗ ಹಾಗೆಯೇ ನಡೆದಿದೆ. ಚಾಂದಬಿ ಬರುವ ಹೊತ್ತಿಗೆ ನೀಲಕ್ಕ ತಾನೇ ಬೀಗ ತೆಗೆದು, ಪಕ್ಕಕ್ಕೆ ಸರಿದು ನಿಲ್ಲುತ್ತಾಳೆ.