ಅಪ್ಪನ ಕಾದಂಬರಿಯ ಹೆಂಗಸು

ಮುಂಬಯಿ ಬಳಿಯ ಕಲ್ಯಾಣ ಸ್ಟೇಷನ್ನಿನ ಹತ್ತಿರದ ಹೋಟೆಲೊಂದರಲ್ಲಿ ಅಪ್ಪ ಗಲ್ಲಾದ ಮೇಲೆ ಕೂರುತ್ತಿದ್ದರು. ಮಧ್ಯಾಹ್ನ ಗಿರಾಕಿಗಳು ಕಡಿಮೆಯಾದಾಗ ಅಲ್ಲೇ ಬರೆದ ಕಾದಂಬರಿ ಅವರದು. ಅದು ಅಚ್ಚಾದಾಗ ಡೊಂಬಿವಲಿಯ ಕನ್ನಡದವರಿಗೆಲ್ಲ ಪುಕ್ಕಟೆ ಹಂಚಿದರು. ಯಾರೂ ಓದಿದಂತೆ ಕಾಣಲಿಲ್ಲ. ಅಪ್ಪ ಮತ್ತೆ ಬರೆಯಲಿಲ್ಲ.

ಅವರು ತೀರಿಕೊಂಡ ಎಷ್ಟೋ ವರ್ಷಗಳ ಮೇಲೆ, ಮಹಾಪೆಯ ಕಂಪನಿಯೊಂದರಲ್ಲಿದ್ದ ಮೈಸೂರಿನ ಹುಡುಗಿಗೆ ಹಳೆಯ ಪುಸ್ತಕಗಳ ರಾಶಿಯಲ್ಲಿ ಆ ಕಾದಂಬರಿ ಸಿಕ್ಕಿತು. ಅವಳು ಅದರ ಬಗ್ಗೆ ಬರೆದಳು. ಬೆಂಗಳೂರಿನ ಪ್ರಕಾಶಕರು ಮರುಮುದ್ರಣ ಮಾಡಿದರು. ನೋಡನೋಡುತ್ತ ವಿಚಾರಸಂಕಿರಣ, ಮರಾಠಿ ಅನುವಾದ, ಫೋನಿನ ಮೇಲೆ ಫೋನು.

ನನಗೆ ಸಂತೋಷಕ್ಕಿಂತ ದಿಗಿಲೇ ಹೆಚ್ಚಾಯಿತು. ಕಾದಂಬರಿಯ ಹೆಂಗಸು ಗಂಡ, ಮಕ್ಕಳನ್ನು ಬಿಟ್ಟು ಕಲ್ಯಾಣದಲ್ಲಿ ರೈಲು ಹತ್ತಿ ಹೋಗಿಬಿಡುತ್ತಾಳೆ. ಅದು ನಿಮ್ಮ ಅಮ್ಮನೇ ಅಲ್ಲವೇ ಎಂದು ಓದುಗರು ನನ್ನನ್ನೇ ಕೇಳತೊಡಗಿದರು. ನಾನು ಮಾತು ಹಾರಿಸುತ್ತಿದ್ದೆ. ಅಮ್ಮ ಅದನ್ನು ಓದಿದ್ದಾಳೋ ಇಲ್ಲವೋ, ಕೇಳಲು ಧೈರ್ಯವಿರಲಿಲ್ಲ.

ಡೊಂಬಿವಲಿಯ ಕನ್ನಡದವರು ಅಮ್ಮನಿಗೆ ಸನ್ಮಾನ ಇಟ್ಟುಕೊಂಡರು. ರಿಕ್ಷಾದಲ್ಲಿ ಹೋಗುವಾಗ, ನಮಸ್ಕಾರ ಹೇಳಿ ಕೂತುಬಿಡು ಎಂದು ಅಮ್ಮನಿಗೆ ಎರಡೆರಡು ಸಲ ತುಳುವಿನಲ್ಲಿ ಹೇಳಿದೆ. ಅವಳು ಹೂಂ ಎಂದಳು. ಆದರೆ ಸಭೆಯಲ್ಲಿ ಒಬ್ಬರು ಎದ್ದು ಅದೇ ಪ್ರಶ್ನೆ ಕೇಳಿದರು. ಅಮ್ಮ ಮೈಕನ್ನು ಹತ್ತಿರ ಎಳೆದುಕೊಂಡಳು.

"ಅದು ನಾನಲ್ಲ. ನನಗೆ ಬಿಟ್ಟು ಹೋಗ್ಲಿಕ್ಕೆ ಪುರುಸೊತ್ತು ಎಲ್ಲಿತ್ತು? ಹೋದದ್ದು ಇವರು. ಕಸಾರಾದವರೆಗೆ ಹೋಗಿ, ಅಲ್ಲಿಂದ ಮುಂದೆ ಲೋಕಲ್ ಇಲ್ಲ ಅಂತ ವಾಪಸು ಬಂದ್ರು. ನಾನು ಏನೂ ಕೇಳ್ಲಿಲ್ಲ, ಊಟ ಬಡಿಸಿದೆ. ಬರೆಯಲಿಕ್ಕೆ ಶುರು ಮಾಡಿದ್ದು ಅದರ ನಂತರ."

ಸಭೆ ಚಪ್ಪಾಳೆ ತಟ್ಟಿತು. ನನ್ನಿಂದ ಆಗಲಿಲ್ಲ. ನಮ್ಮನ್ನು ಬಿಟ್ಟು ಹೋಗಲು ಹೊರಟಿದ್ದ ಅಪ್ಪನನ್ನು ನಾನು ಅಲ್ಲಿ, ಅಷ್ಟು ಜನರ ನಡುವೆ, ಮೊದಲ ಸಲ ಕಂಡೆ.

ಮನೆಗೆ ಬಂದು, ಇಷ್ಟು ವರ್ಷ ಯಾಕೆ ಹೇಳಲಿಲ್ಲ ಎಂದು ಕೇಳಿದೆ. ಅಮ್ಮ ಸೀರೆ ಮಡಚುತ್ತಿದ್ದಳು.

"ವಾಪಸು ಬಂದಿದ್ರಲ್ಲ. ಹೇಳ್ಲಿಕ್ಕೆ ಏನುಂಟು?"

ಈಗ ಅಮ್ಮ ಸಭೆಯಲ್ಲಿ ಆಡಿದ ಮಾತೂ ಎಲ್ಲ ಕಡೆ ಅಚ್ಚಾಗಿದೆ. ವಿಮರ್ಶಕರು ಕಾದಂಬರಿಯನ್ನು ಹೊಸದಾಗಿ ಓದುತ್ತಿದ್ದಾರಂತೆ. ನಾನೂ ಓದುತ್ತಿದ್ದೇನೆ, ಆ ಹೆಂಗಸು ಮಕ್ಕಳನ್ನು ನೆನೆಯುವ ಪುಟಗಳನ್ನು ಹುಡುಕುತ್ತ. ಅಂಥವು ಇವೆ, ಆದರೆ ಹೆಚ್ಚಿಲ್ಲ. ಮುಂದಿನ ತಿಂಗಳು ನವಿ ಮುಂಬಯಿಯಲ್ಲಿ ಇನ್ನೊಂದು ಸಭೆಯಿದೆ. ಅಮ್ಮ ಬರುತ್ತೇನೆಂದು ಒಪ್ಪಿಕೊಂಡಿದ್ದಾಳೆ.